ನೀಲತ್ತಿಯ ಮೈಬಿಸಿ

ಧಾರವಾಡದಲ್ಲಿ ನಾನೀಗ ಇರುವ ಓಣಿಯ ತುದಿಗೆ ಗಾದಿ ಹೊಲಿಯುವವರ ಅಂಗಡಿಯೊಂದಿದೆ. ಚಳಿ ಶುರುವಾಯಿತೆಂದರೆ ಅಲ್ಲಿ ಹಳೆಯ ಗಾದಿಗಳನ್ನು ಬಿಚ್ಚಿ, ಗಂಟುಗಟ್ಟಿದ ಅರಳೆಯನ್ನು ಮತ್ತೆ ಹಿಂಜುತ್ತಾರೆ. ಮುಂಜಾನೆ ಹಾಲು ತರಲು ಹೋದಾಗ ಆ ವಾಸನೆ ಮೂಗಿಗೆ ಬಡಿಯುತ್ತದೆ. ಅರಳೆಗೆ ವಾಸನೆಯೇ ಇಲ್ಲವೆಂದು ನನ್ನ ಮಗಳು ವಾದಿಸುತ್ತಾಳೆ. ಇದೆ. ಬಿಸಿಲಲ್ಲಿ ಒಣಗಿದ ಬಟ್ಟೆಯ ವಾಸನೆ, ಅದರ ಅಡಿಗೆ ಹತ್ತಿಕಾಳಿನ ತುಸು ಜಿಡ್ಡು, ಇನ್ನೂ ಅಡಿಗೆ ನಮ್ಮ ಕಡೆಯ ಕರಿನೆಲ. ಆ ವಾಸನೆ ಬಂದ ಕೂಡಲೆ ನನ್ನ ಹೆಜ್ಜೆ ತಾನಾಗಿಯೇ ನಿಧಾನವಾಗುತ್ತದೆ. ನಾನು ಮತ್ತೆ ತಿರ್ಲಾಪುರದ ಮನೆಯ ಕತ್ತಲೆ ಕೋಣೆಯ ಹೊಸ್ತಿಲ ಮೇಲೆ, ಲಂಗದ ಅಂಚನ್ನು ಬಾಯಲ್ಲಿ ಕಚ್ಚಿಕೊಂಡು ನಿಂತ ಹುಡುಗಿಯಾಗುತ್ತೇನೆ. ಒಳಗೆ ಗೋಡೆಗೆ ಬೆನ್ನು ಕೊಟ್ಟು ನನ್ನ ಅಪ್ಪನ ತಂಗಿ ನೀಲತ್ತಿ ಕೂತಿದ್ದಾಳೆ. ಅವಳ ಸೆರಗಿನ ಒಳಗೆ, ಅರಳೆಯ ನಡುವೆ, ಒಂದು ಜೀವ ಉಸಿರಾಡುತ್ತಿದೆ.

ನಿಮಗೂ ಅಂಥ ಮನೆಯೊಂದು ಇದ್ದಿರಬಹುದು, ಈಗ ಇರಲಿಕ್ಕಿಲ್ಲ. ನಮ್ಮದು ಮಣ್ಣಿನ ಮಾಳಿಗೆಯ ಮನೆ. ತಲಬಾಗಿಲು ದಾಟಿದರೆ ಎಡಕ್ಕೆ ಎತ್ತುಗಳು, ಬಲಕ್ಕೆ ಮೆಟ್ಟಿಲೇರಿದರೆ ಪಡಸಾಲೆ, ಅದರ ಹಿಂದೆ ಅಡುಗೆಮನೆ, ಅಡುಗೆಮನೆಗೆ ಹೊಂದಿಕೊಂಡು ಒಂದೇ ಒಂದು ಬೆಳಕಿಂಡಿಯಿದ್ದ ಕೋಣೆ. ಆ ಕೋಣೆಯ ಒಂದು ಮೂಲೆಗೆ ಜೋಳದ ಚೀಲಗಳು, ಇನ್ನೊಂದು ಮೂಲೆಗೆ ಹತ್ತಿ, ನಡುವೆ ಬಾಣಂತಿಯರಿಗೆಂದು ಹಾಕಿದ, ಹಗ್ಗ ಹೆಣೆದ ಹೊರಸು. ಹಗಲಲ್ಲೂ ದೀಪ ಬೇಡುವ ಆ ಕೋಣೆಯಲ್ಲೇ ಅಪ್ಪ ಹುಟ್ಟಿದ್ದ, ನೀಲತ್ತಿ ಹುಟ್ಟಿದ್ದಳು. ಮುಂಜಾನೆ ಎತ್ತುಗಳ ಕೊರಳಗೆಜ್ಜೆಗೆ ನನಗೆ ಎಚ್ಚರವಾಗುತ್ತಿತ್ತು. ಸ್ವಲ್ಪ ಹೊತ್ತಿಗೆ ನೀಲತ್ತಿ ರೊಟ್ಟಿ ಬಡಿಯುವ ಸಪ್ಪಳ ಶುರುವಾಗುವುದು. ಚಳಿಯ ದಿನಗಳಲ್ಲಿ ಎತ್ತುಗಳ ಮೈಯ ಬಿಸಿ ಪಡಸಾಲೆಯವರೆಗೂ ಬರುತ್ತಿತ್ತು. ಅಪ್ಪನ ತಾಯಿ, ನಮ್ಮ ಆಯಿ ಹೊಲಿದ ಕೌದಿಯ ಅಂಚಿನಿಂದ ಮೂಗನ್ನಷ್ಟೇ ಹೊರಗಿಟ್ಟು ನಾನು ಅದನ್ನು ಹೀರುತ್ತ ಬಿದ್ದುಕೊಂಡಿರುತ್ತಿದ್ದೆ.

ಇಷ್ಟು ಒತ್ತೊತ್ತಾಗಿ ಬದುಕುತ್ತಿದ್ದ ಮನೆಯಲ್ಲಿ ಮನುಷ್ಯರು ಒಬ್ಬರನ್ನೊಬ್ಬರು ಮುಟ್ಟುವುದು ಮಾತ್ರ ಬಹಳ ಕಡಿಮೆ. ಯಾರು ಯಾರನ್ನು ಮುಟ್ಟಬೇಕು, ಯಾವಾಗ, ಎಷ್ಟು ಎನ್ನುವುದಕ್ಕೆ ಬಾಯಿಬಿಟ್ಟು ಹೇಳದ ಕಟ್ಟಳೆಗಳಿದ್ದವು, ಅವುಗಳನ್ನು ಕಾಯುವವಳು ಆಯಿ. ಹಿರಿಯರ ಮುಂದೆ ಗಂಡಸು ತನ್ನ ಮಕ್ಕಳನ್ನು ಎತ್ತಿಕೊಳ್ಳಬಾರದು ಎಂಬುದು ನಮ್ಮ ಕಡೆಯ ನಡಾವಳಿ. ಅಪ್ಪ ಅದನ್ನು ಎಷ್ಟು ಚೆನ್ನಾಗಿ ಪಾಲಿಸುತ್ತಿದ್ದನೆಂದರೆ ಆಯಿ ಇಲ್ಲದಾಗಲೂ ನನ್ನನ್ನು ಎತ್ತಿಕೊಂಡವನಲ್ಲ. ಎತ್ತುಗಳ ಕೊರಳಡಿಯ ಗಂಗೆದೊಗಲು ತುರಿಸುತ್ತ, ಅವುಗಳ ಕಿವಿಯಲ್ಲಿ ಏನೋ ಹೇಳುತ್ತ ಎಷ್ಟೋ ಹೊತ್ತು ನಿಲ್ಲುತ್ತಿದ್ದ ಅಪ್ಪನ ಕೈ ನನ್ನ ತಲೆಯ ಮೇಲೆ ಬಂದ ನೆನಪು ನಾನು ಹೇಳಹೊರಟ ಚಳಿಗಾಲದವರೆಗೆ ನನಗಿರಲಿಲ್ಲ. ನಿಜ ಹೇಳಬೇಕೆಂದರೆ ನನಗೆ ಆ ಎತ್ತುಗಳ ಮೇಲೆ ಹೊಟ್ಟೆಕಿಚ್ಚು. ಇನ್ನು ಊರ ಸೂಲಗಿತ್ತಿ ದ್ಯಾಮವ್ವ. ಅವಳು ಊರಾಚೆಯ ಕೇರಿಯವಳು. ನಮ್ಮನ್ನೆಲ್ಲ ಈ ಭೂಮಿಯ ಮೇಲೆ ಮೊಟ್ಟಮೊದಲು ಮುಟ್ಟಿದ್ದು ಅವಳ ಕೈ. ಆದರೆ ಹೆರಿಗೆಯ ಮೈಲಿಗೆ ಕಳೆದ ಮರುದಿನದಿಂದ ಅವಳು ನಮ್ಮ ಕಟ್ಟೆಯ ಕೆಳಗೆ ನಿಂತೇ ಮಾತಾಡಬೇಕಿತ್ತು, ತಾನೇ ಭೂಮಿಗಿಳಿಸಿದ ಮಕ್ಕಳನ್ನು ದೂರದಿಂದ ನೋಡಿ ನಗಬೇಕಿತ್ತು.

ನೀಲತ್ತಿಯದು ಬೇರೆಯೇ. ಮದುವೆಯಾಗಿ ಎರಡನೆಯ ಸುಗ್ಗಿ ಬರುವುದರೊಳಗೆ ಗಂಡನನ್ನು ಕಳೆದುಕೊಂಡು, ಮಕ್ಕಳಿಲ್ಲದೆ, ತವರಿಗೆ ಮರಳಿದವಳು. ಅವಳನ್ನು ಮನೆಯಲ್ಲಿ ಯಾರೂ ಹಳಿಯುತ್ತಿರಲಿಲ್ಲ. ಊಟಕ್ಕೆ, ಉಡುವುದಕ್ಕೆ ಯಾರೂ ಕಡಿಮೆ ಮಾಡುತ್ತಿರಲಿಲ್ಲ. ನನ್ನ ಅವ್ವನಿಗೂ ಅವಳಿಗೂ ಒಂದು ದಿನ ಏರುದನಿಯ ಮಾತು ಬಂದದ್ದಿಲ್ಲ. ಆದರೆ ಹೆಂಗಸರು ಒಬ್ಬರಿಗೊಬ್ಬರು ಗಲ್ಲಕ್ಕೆ ಅರಿಷಿಣ ಹಚ್ಚುವಾಗ, ಉಡಿ ತುಂಬುವಾಗ, ಬಳೆ ಇಡಿಸಿಕೊಳ್ಳುವಾಗ ನೀಲತ್ತಿ ಅಡುಗೆಮನೆಯಲ್ಲಿ ಏನಾದರೂ ಕೆಲಸ ಹುಡುಕಿಕೊಂಡಿರುತ್ತಿದ್ದಳು. ಒಮ್ಮೆ ಪಕ್ಕದ ಮನೆಯ ತೊಟ್ಟಿಲ ಕಾರ್ಯದಲ್ಲಿ ಕೂಸು ಕೈಯಿಂದ ಕೈಗೆ ಬರುತ್ತಿತ್ತು. ನೀಲತ್ತಿ ಮರೆತು ಕೈ ಚಾಚಿದಳು. ಕೂಸು ಹಿಡಿದಿದ್ದ ಹೆಂಗಸು ನೋಡದವಳ ಹಾಗೆ ಅವಳನ್ನು ದಾಟಿಸಿ ಆಚೆಯವಳ ಕೈಗೆ ಕೊಟ್ಟಳು. ಚಾಚಿದ ಆ ಎರಡು ಕೈಗಳು ಒಂದು ಕ್ಷಣ ಗಾಳಿಯಲ್ಲೇ ನಿಂತು, ಆಮೇಲೆ ಮೆಲ್ಲಗೆ ಹಿಂದೆ ಬಂದು ಅವಳದೇ ಸೆರಗಿನ ಚುಂಗನ್ನು ಮಡಚತೊಡಗಿದವು. ಆಯಿ ಅದನ್ನು ನೋಡಿದಳು. ಮನೆಗೆ ಬಂದ ಮೇಲೆ ಆಯಿ ಮಗಳಿಗೆ ಹೇಳಿದ್ದು ಇಷ್ಟೇ: "ಮಂದ್ಯಾಗ ನೀ ಯಾಕ ಮುಂದ ಹೋಗ್ತಿ ಬೇ? ಹಿಂದ ಕುಂದ್ರಬಾರದಾ?" ಆ ದಿನದಿಂದ ನೀಲತ್ತಿ ತಾನಾಗಿ ಯಾರನ್ನೂ ಮುಟ್ಟಿದ್ದನ್ನು ನಾನು ಕಾಣಲಿಲ್ಲ. ನನ್ನ ತಲೆ ಬಾಚುವಾಗಲೂ ಕೂದಲನ್ನಷ್ಟೇ ಹಿಡಿಯುತ್ತಿದ್ದಳು.

ಎಂಬತ್ತರ ದಶಕದ ಮೊದಲ ಭಾಗದ ಒಂದು ಚಳಿಗಾಲ. ಅವ್ವ ಬಸುರಿ. ಸಂಕ್ರಾಂತಿ ಮುಗಿಸಿ ಹೆರಿಗೆಗೆ ಗುಡಗೇರಿಯ ತನ್ನ ತವರಿಗೆ ಹೋಗುವವಳಿದ್ದಳು. ಎಳ್ಳಮಾವಾಸ್ಯೆಗೆ ಹೊಲಕ್ಕೆ ಹೋಗಿ ಭೂಮಿತಾಯಿಗೆ ಎಡೆಯ ಚರಗ ಚೆಲ್ಲಿ, ಎಲ್ಲರೂ ಕೂಡಿ ಹೊಲದಲ್ಲೇ ಉಂಡು ಬಂದೆವು. ಅದಾದ ಕೆಲವೇ ದಿನಕ್ಕೆ, ಒಂದು ಸಂಜೆ ಅವ್ವ ಅಡುಗೆಮನೆಯ ಬಾಗಿಲ ಚೌಕಟ್ಟು ಹಿಡಿದು ಕುಸಿದಳು. ಹೊತ್ತಿಗೆ ಮೊದಲೇ ನೋವು ಬಂದಿತ್ತು. ದ್ಯಾಮವ್ವನನ್ನು ಕರೆತಂದರು. ಕೋಣೆಯ ಬಾಗಿಲು ಮುಚ್ಚಿತು. ನಾನು ಪಡಸಾಲೆಯಲ್ಲಿ ಕೂಸಿನ ಅಳು ಕೇಳಲು ಕಾಯುತ್ತ ಕೂತೆ. ಅಳು ಕೇಳಲಿಲ್ಲ. ದ್ಯಾಮವ್ವನೇ ಹೊರಗೆ ಬಂದು ಆಯಿಯ ಮುಂದೆ ನಿಂತಳು.

"ಹೆಣ್ಣ್ರೀ ಯವ್ವಾರ. ಜೀವ ಐತ್ರಿ. ಆದ್ರ ಅಗದಿ ಸಣ್ಣದೈತಿ, ಅಳಾಕೂ ಶಕ್ತಿ ಇಲ್ಲ."

ನಾನು ಆಯಿಯ ತೋಳಿನ ಸಂದಿಯಿಂದ ನೋಡಿದೆ. ಅಷ್ಟು ಚಿಕ್ಕ ಮನುಷ್ಯರು ಇರುತ್ತಾರೆಂದು ನನಗೆ ಗೊತ್ತಿರಲಿಲ್ಲ. ಕೆಂಪಗೆ, ತೊಗಲು ತೆಳ್ಳಗೆ, ಕಣ್ಣು ಮುಚ್ಚಿಕೊಂಡು, ಬೆರಳುಗಳು ಜೋಳದ ಎಳೆಬೇರಿನ ಹಾಗೆ. ಬೆಳಗಾಗುವುದರೊಳಗೆ ಅವ್ವನಿಗೆ ಜ್ವರ ಏರಿತು, ರಕ್ತ ನಿಲ್ಲಲಿಲ್ಲ. ಪಕ್ಕದವರ ಟ್ರ್ಯಾಕ್ಟರಿನಲ್ಲಿ ಹೊಟ್ಟಿನ ಚೀಲ ಹಾಸಿ, ಅದರ ಮೇಲೆ ಕೌದಿ ಹಾಸಿ, ಅಪ್ಪ ಅವಳನ್ನು ನವಲಗುಂದಕ್ಕೆ ಒಯ್ದ. ಅಲ್ಲಿಂದ ಹುಬ್ಬಳ್ಳಿಗೆ ಕಳಿಸಿದರು. ಕೂಸನ್ನೂ ಒಯ್ಯುವ ಮಾತು ಬಂದಾಗ ದ್ಯಾಮವ್ವ ಅಡ್ಡ ನಿಂತಳು. "ಕೂಸಿನ್ನ ಒಯ್ಯಬ್ಯಾಡ್ರಿ. ಈ ಥಂಡಿ ಗಾಳ್ಯಾಗ ಊರ ಅಗಸಿ ದಾಟೂದ್ರಾಗ ಆರಿಹೋಕ್ಕೈತಿ." ಟ್ರ್ಯಾಕ್ಟರು ಹೊರಟಾಗ ಅವ್ವ ಕಣ್ಣು ತೆರೆದು ಯಾರನ್ನೋ ಹುಡುಕಿದಳು. ನೀಲತ್ತಿಯ ಮೇಲೆ ಕಣ್ಣು ನಿಂತಿತು. 

ಮನೆಯಲ್ಲಿ ಆಯಿ, ನೀಲತ್ತಿ, ನಾನು ಮತ್ತು ಅಳಲು ಬಾರದ ಆ ಕೂಸು. ಹತ್ತಿಯ ಮೂಲೆಯಿಂದ ಅರಳೆ ತೆಗೆದು, ಕಾಳು ಬಿಡಿಸಿ, ಹಿಂಜಿ, ಗೂಡು ಮಾಡಿ ಅದರಲ್ಲಿ ಕೂಸನ್ನು ಮಲಗಿಸಿದರು. ಬಾಜೂಕ್ಕೆ ಕೆಂಡದ ಅಗ್ಗಿಷ್ಟಿಗೆ ಇಟ್ಟರು. ದ್ಯಾಮವ್ವ ಮತ್ತೆ ಮತ್ತೆ ಅದರ ಪಾದ ಮುಟ್ಟಿ ನೋಡುತ್ತಿದ್ದಳು. ಪಾದ ತಣ್ಣಗೇ ಇತ್ತು, ಉಗುರು ನೀಲಿಗಟ್ಟುತ್ತಿತ್ತು.

"ಹತ್ತಿ ಅಳ್ಳಿ ಬಿಸಿ ಹಿಡಿತೈತ್ರಿ ಯವ್ವಾರ, ಕೊಡಂಗಿಲ್ಲ," ಎಂದಳು ದ್ಯಾಮವ್ವ. "ತಾಯಿ ಇದ್ರ ತಾಯಿ ಎದಿಗೆ ಹಾಕತಿದ್ದೆ. ಈಗ ಯಾರರೆ ಮೈಗೆ ಮೈ ಹಚ್ಚಿ ಹಿಡಕೊಂಡು ಕುಂದ್ರಬೇಕು. ಹಗಲೂ ರಾತ್ರಿ."

ಆಯಿ ತನ್ನ ಸೆರಗು ಸರಿಸಿ ಎಲುಬು ಕಾಣುವ ಎದೆ ನೋಡಿಕೊಂಡಳು. "ನನ್ನ ಮೈಯಾಗ ಬಿಸಿ ಎಲ್ಲೈತೆ? ನನಗs ಎರಡ್ ಕೌದಿ ಬೇಕು." ದ್ಯಾಮವ್ವ, ಬಿಸಿನೀರಿನ ಚರಿಗೆ ಹಿಡಿದು ಬಾಗಿಲಲ್ಲಿ ನಿಂತಿದ್ದ ನೀಲತ್ತಿಯ ಕಡೆ ತಿರುಗಿ ನೋಡಿದಳು, ಅಷ್ಟೇ. ಆಯಿಯೂ ನೋಡಿದಳು. ನೀಲತ್ತಿ ಒಂದು ಹೆಜ್ಜೆ ಹಿಂದೆ ಸರಿದಳು.

"ನಾ ಹೆಂಗ ಮುಟ್ಟಲಿ ಯವ್ವಾ? ಮೊದಲ ಹಿಂಗೈತಿ ಕೂಸು. ಏನರೆ ಆದ್ರ ನನ್ನ ಕೈಗುಣ ಅಂತಾರ."

"ಅಂದ್ರ ನನಗ ಅನ್ನಲಿ. ನಾ ಹೇಳಾಕತ್ತೇನಿ."

"ನೀನs ಹಿಂದ ಕುಂದ್ರು ಅಂದಿದ್ದಿ."

ಆಯಿ ಕೂಸಿನ ಗೂಡನ್ನು ಮುಂದೆ ಸರಿಸಿದಳು. "ಅಂದಿದ್ದೆ. ಈಗ ಮುಂದ ಬಾ ಅಂತೇನಿ. ಕೂಸು ತಣ್ಣಗಾಗಾಕತ್ತೈತಿ ನೀಲಾ, ಹಿಡಕೋಬೇ!"

ನೀಲತ್ತಿ ಚರಿಗೆ ಕೆಳಗಿಟ್ಟಳು. ಗೋಡೆಗೆ ಬೆನ್ನು ಕೊಟ್ಟು ಕೂತು, ಕುಪ್ಪಸದ ಗುಂಡಿ ಬಿಚ್ಚಿದಳು. ದ್ಯಾಮವ್ವ ಕೂಸನ್ನು ಎತ್ತಿ, ಬರಿಮೈಯನ್ನು ಅವಳ ಬರಿಯೆದೆಯ ಮೇಲೆ ಕಪ್ಪೆಯ ಹಾಗೆ ಬೋರಲಾಗಿ ಹಚ್ಚಿ, ಅದರ ಬೆನ್ನಿಗೆ ಅರಳೆ ಇಟ್ಟು, ಮೇಲೆ ಅಪ್ಪನ ಹಳೆಯ ಧೋತರದಿಂದ ಇಬ್ಬರನ್ನೂ ಸೇರಿಸಿ ಸುತ್ತಿದಳು. ಕೂಸು ಮೈಗೆ ತಾಕಿದ ಕ್ಷಣ ನೀಲತ್ತಿ "ಹಾ" ಎಂದು ಉಸಿರೆಳೆದುಕೊಂಡಳು. ಅದು ಚಳಿಗೆ ಎಂದು ಆಗ ನಾನು ತಿಳಿದಿದ್ದೆ. ಕೂಸಿನ ಬೆನ್ನ ಮೇಲೆ ಇಡಬೇಕೋ ಬೇಡವೋ ಎಂದು ಅವಳ ಕೈ ಬಹಳ ಹೊತ್ತು ಧೋತರದ ಮೇಲೆಯೇ ಆಡಿತು. ಕೊನೆಗೆ ಒಳಗೆ ಹೋಯಿತು. ಆಮೇಲೆ ಎಷ್ಟೋ ದಿನ ಆ ಕೈ ಹೊರಗೆ ಬಂದದ್ದೇ ಅಪರೂಪ.

ಹೀಗೆ ಶುರುವಾಯಿತು ನೀಲತ್ತಿಯ ಕೂತ ವ್ರತ. ಅವಳು ಕೂತೇ ಉಣ್ಣುತ್ತಿದ್ದಳು, ನಾನು ಅವಳ ಬಾಯಿಗೆ ತುತ್ತು ಮಾಡಿ ಇಡುತ್ತಿದ್ದೆ. ಕೂತೇ ಕಣ್ಣು ಮುಚ್ಚುತ್ತಿದ್ದಳು. ದ್ಯಾಮವ್ವನ ಮಗಳಿಗೆ ಮೊಲೆಗೂಸಿತ್ತು. ದ್ಯಾಮವ್ವ ಹೊತ್ತುಹೊತ್ತಿಗೆ ಸಣ್ಣ ಬಟ್ಟಲಲ್ಲಿ ಹಾಲು ತಂದು, ಅರಳೆಯ ಬತ್ತಿ ಅದ್ದಿ ಕೂಸಿನ ತುಟಿಗೆ ಹಿಂಡುತ್ತಿದ್ದಳು. ಆ ಹಾಲು ಯಾರದೆಂದು ಆಯಿ ಕೇಳಲಿಲ್ಲ. ಅವಳಿಗೆ ಗೊತ್ತಿತ್ತು, ಅದಕ್ಕೇ ಕೇಳಲಿಲ್ಲ. ಲಿಂಗ ಕಟ್ಟಲು ಮಠದ ಅಯ್ಯನವರು ಬಂದರು. ಕೂಸಿನ ಎದೆ ಲಿಂಗದ ವಸ್ತ್ರದಷ್ಟೂ ಅಗಲ ಇರಲಿಲ್ಲ. ಆ ಮುದುಕರು ವಿಭೂತಿ ಹಚ್ಚಿ, "ಸದ್ಯಕ್ಕ ನೀನs ಕಟ್ಟಿಕೋ ತಂಗಿ. ಈಗ ನಿಮ್ಮಿಬ್ಬರದೂ ಒಂದs ಮೈ," ಎಂದು ಕೂಸಿನ ಲಿಂಗವನ್ನೂ ನೀಲತ್ತಿಯ ಕೊರಳಿಗೇ ಕಟ್ಟಿ ಹೋದರು. ಎರಡು ಲಿಂಗ ಹೊತ್ತು ಕೂತ ನನ್ನ ಅತ್ತಿಯನ್ನು ನೋಡಿ ನನಗೆ ನಗು ಬಂತು. ಅವಳೂ ನಕ್ಕಳು, ಮೈ ಅಲುಗದ ಹಾಗೆ, ಬರೀ ಕಣ್ಣಲ್ಲಿ. ಗಂಡ ಸತ್ತ ಮೇಲೆ ಅವಳು ಹಾಗೆ ನಕ್ಕದ್ದನ್ನು ನೋಡಿಲ್ಲವೆಂದು ಆಯಿ ಆಮೇಲೆ ಹೇಳಿದಳು.

ಮಾತಾಡದ ನೀಲತ್ತಿ ಮಾತು ಶುರುಮಾಡಿದಳು. ಸೆರಗಿನೊಳಗೆ ಬಾಯಿ ತೂರಿಸಿ ಕೂಸಿಗೆ ಎಲ್ಲ ಸುದ್ದಿ ಹೇಳುವಳು. ಇಂದು ಎಮ್ಮಿ ಹಾಲು ಕೊಡಲಿಲ್ಲ, ಇಂದು ನಿಮ್ಮಕ್ಕ ಸಾಲಿಗೆ ಹೋಗೂದು ತಪ್ಪಿಸ್ಯಾಳ, ಹೊಲದಾಗ ಹತ್ತಿ ಬಾಯಿ ಬಿಡಾಕತ್ತಾವ, ನೀ ಯಾವಾಗ ಬಿಡ್ತಿ ಬಾಯಿ? ಹೀಗೆ. ನಾನು ಅವಳ ತೊಡೆಗೆ ತಾಗಿ ಕೂತು ಕೇಳುತ್ತಿದ್ದೆ. ಮೊದಮೊದಲು ತುಸು ಬಿಟ್ಟು ಕೂರುತ್ತಿದ್ದವಳು ದಿನ ಹೋದಂತೆ ಅವಳ ಮೈಗೆ ಒರಗತೊಡಗಿದೆ. ಅವಳು ಬೇಡವೆನ್ನಲಿಲ್ಲ. ಕೂಸಿನ ಬೆನ್ನ ಮೇಲಿನ ಅರಳೆ, ಹಾಲಿನ ಹುಳಿ, ಕುಸುಬಿ ಎಣ್ಣೆ, ಅತ್ತಿಯ ಬೆವರು, ಎಲ್ಲ ಸೇರಿದ ಆ ಬೆಚ್ಚನೆಯ ಗಾಳಿಯಲ್ಲಿ ನಾನು ಎಷ್ಟೋ ಮಧ್ಯಾಹ್ನ ಹಾಗೇ ನಿದ್ದೆ ಹೋದೆ.

ಅಪ್ಪ ಹುಬ್ಬಳ್ಳಿಗೂ ಊರಿಗೂ ಓಡಾಡುತ್ತಿದ್ದ. ಅವ್ವನ ಬಳಿ ಗುಡಗೇರಿಯ ಅಜ್ಜಿ ಇದ್ದಳು. ಒಂದು ದಿನ ಮಧ್ಯಾಹ್ನ ಅವನು ಬಂದಾಗ ಮುಖ ಗಡ್ಡ ಬಿಟ್ಟು ಕಪ್ಪಾಗಿತ್ತು. ಅವ್ವನಿಗೆ ರಕ್ತ ಕೊಟ್ಟಿದ್ದಾರೆ, ಜ್ವರ ಇಳಿಯುತ್ತಿದೆ ಎಂದು ಆಯಿಗೆ ಹೇಳಿ, ಕೋಣೆಯ ಹೊಸ್ತಿಲಾಚೆಯೇ ನಿಂತು ಒಳಗೆ ಇಣುಕಿದ. ನೀಲತ್ತಿ ಅವನನ್ನು ನೋಡಿದ್ದೇ ಹೇಳಿದಳು, "ಅಣ್ಣಾ, ಒಳಗ ಬಾ. ಮೈಗೆ ನೀರು ಕಾಣದ ಎಷ್ಟೋ ದಿನ ಆತು. ನಾ ಜಳಕಾ ಮಾಡಿ ಬರೂತನಾ ನೀ ಹಿಡಕೋ."

"ನಾನಾ?"

"ಮತ್ಯಾರು? ಅಂಗಿ ತಗಿ."

ಅಪ್ಪ ಪಡಸಾಲೆಯಲ್ಲಿ ಕೂತಿದ್ದ ಆಯಿಯ ಕಡೆ ನೋಡಿದ. ಅಷ್ಟು ದೊಡ್ಡ ಗಂಡಸು, ಕದ್ದು ಸಿಕ್ಕವನ ಹಾಗೆ ನಿಂತಿದ್ದ. ಆಯಿ ಅಕ್ಕಿಯ ಮೊರ ಹಿಡಿದಿದ್ದಳು. ಅವಳು ನಿಧಾನವಾಗಿ ಗೋಡೆಯ ಕಡೆ ಮುಖ ತಿರುಗಿಸಿ ಕೂತು, "ಈಗೀಗ ನನಗ ಕಣ್ಣs ಸರಿ ಕಾಣವಲ್ವು ತಮ್ಮಾ," ಎಂದಳು. ಅಕ್ಕಿಯೊಳಗಿನ ಸಣ್ಣ ಹರಳನ್ನೂ ಬಿಡದೆ ಆರಿಸುತ್ತಿದ್ದ ಕಣ್ಣು ಅವು.

ಅಪ್ಪ ಅಂಗಿ ಕಳೆದು ಗೋಡೆಗೆ ಒರಗಿ ಕೂತ. ಕುತ್ತಿಗೆಯವರೆಗೆ ಬಿಸಿಲಿಗೆ ಕರಿದಾದ ಮೈ, ಕೆಳಗೆ ಎದೆ ಬೆಳ್ಳಗೆ, ಬೇರೆ ಯಾರದೋ ಎನ್ನುವಂತೆ. ನೀಲತ್ತಿ ಕೂಸನ್ನು ಅವನ ಎದೆಗೆ ಹಚ್ಚಿ, ಧೋತರ ಸುತ್ತಿ, "ಗಟ್ಟಿ ಉಸಿರಾಡು ಅಣ್ಣಾ, ಉಸಿರು ಹಿಡೀಬ್ಯಾಡ. ನಿನ್ನ ಉಸಿರು ಕೇಳಿ ಅದು ಆಡ್ತೈತಿ," ಎಂದು ಹೇಳಿ ಬಚ್ಚಲಿಗೆ ಹೋದಳು. ಅಪ್ಪ ಅಲುಗಲಿಲ್ಲ. ಸ್ವಲ್ಪ ಹೊತ್ತಿನ ಮೇಲೆ, ನನಗೆ ಹೇಳಿದನೋ ತನಗೇ ಹೇಳಿಕೊಂಡನೋ, "ಇದರ ಎದಿ ನನ್ನ ಎದಿ ಮ್ಯಾಲ ಬಡಿಯಾಕತ್ತೈತಿ," ಎಂದ.  ಕಣ್ಣಿಂದ ಇಳಿದ ನೀರು ಗಡ್ಡದಲ್ಲಿ ಸಿಕ್ಕಿಕೊಂಡಿತು, ಒರೆಸಿಕೊಳ್ಳಲು ಅವನಿಗೆ ಕೈ ಬಿಡುವಿರಲಿಲ್ಲ. ಆಮೇಲೆ ಒಂದು ಕೈಯನ್ನು ಮೆಲ್ಲಗೆ ಬಿಡಿಸಿಕೊಂಡು, ನನ್ನ ಕಡೆ ಚಾಚಿ, "ಬಾ ಇಲ್ಲೆ," ಎಂದ. ನಾನು ಹೋದೆ. ಅವನು ನನ್ನನ್ನು ತನ್ನ ಪಕ್ಕೆಗೆ ಒತ್ತಿ ಹಿಡಿದ. ಬೀಡಿಯ ವಾಸನೆ, ಆಸ್ಪತ್ರೆಯ ಔಷಧದ ವಾಸನೆ, ಅದರಾಚೆ ಎತ್ತುಗಳ ವಾಸನೆ. ಅವನ ಅಂಗೈ ನನ್ನ ತಲೆಯಷ್ಟೇ ದೊಡ್ಡದಿತ್ತು. ನನಗೆ ಆಗ ಒಂಬತ್ತು ತುಂಬಿತ್ತು. ಅಪ್ಪನ ಮೈ ಬಿಸಿಯಾಗಿರುತ್ತದೆ ಎಂದು ಅಂದು ಗೊತ್ತಾಯಿತು.

ಚಳಿ ಮುರಿಯುವ ಹೊತ್ತಿಗೆ, ಒಂದು ಮುಂಜಾನೆ, ಕೂಸು ಅತ್ತಿತು. ಅದುವರೆಗೆ ಬೆಕ್ಕಿನ ಮರಿಯ ಹಾಗೆ ಕುಂಯ್ ಎನ್ನುತ್ತಿದ್ದದ್ದು ಅಂದು ಬಟ್ಟಲು ತರುವುದು ತುಸು ತಡವಾದದ್ದಕ್ಕೆ ಪಡಸಾಲೆಗೆ, ಅಂಗಳಕ್ಕೆ, ಆಚೆ ಮನೆಗೆ ಕೇಳುವ ಹಾಗೆ ಸಿಟ್ಟಿನಿಂದ ಅತ್ತಿತು. ದ್ಯಾಮವ್ವ ಬಟ್ಟಲು ಹಿಡಿದು ಆಗಷ್ಟೇ ಬಾಗಿಲಿಗೆ ಬಂದಿದ್ದಳು. "ಕೇಳ್ರೀ ಯವ್ವಾರ, ಗಂಟಲು ಕೇಳ್ರೀ!" ಎಂದು ಕೂಗಿದಳು. ಆಯಿ ಓಡಿಬಂದು ಅವಳನ್ನು ತಬ್ಬಿಕೊಂಡುಬಿಟ್ಟಳು. ಇಬ್ಬರು ಮುದುಕಿಯರು ಪಡಸಾಲೆಯಲ್ಲಿ ಒಬ್ಬರ ಹೆಗಲ ಮೇಲೆ ಒಬ್ಬರು ತಲೆಯಿಟ್ಟು ಅತ್ತರು. ಬಟ್ಟಲಿನ ಹಾಲು ತುಳುಕಿ ಆಯಿಯ ಸೀರೆಯ ಮೇಲೆ ಬಿತ್ತು. ಆಯಿ ಈಗ ಬಚ್ಚಲಿಗೆ ಹೋಗಿ ಮೈ ತೊಳೆಯುತ್ತಾಳೇನೋ ಎಂದು ನಾನು ಕಾದು ನೋಡಿದೆ. ಅವಳು ಒಲೆಯ ಮುಂದೆ ಹೋಗಿ ಚಹಾಕ್ಕೆ ನೀರಿಟ್ಟಳು, ನಾವು ಕುಡಿಯುವ ಕಪ್ಪಿನಲ್ಲೇ ದ್ಯಾಮವ್ವನಿಗೆ ಚಹಾ ಕೊಟ್ಟಳು. ಅಂದಿನಿಂದ ಎಲ್ಲ ಬದಲಾಯಿತು ಎಂದು ಬರೆಯಲು ಆಸೆ. ಆಗಲಿಲ್ಲ. ಕೂಸು ದೊಡ್ಡದಾದ ಮೇಲೆ ದ್ಯಾಮವ್ವ ಮತ್ತೆ ಕಟ್ಟೆಯ ಕೆಳಗೇ ನಿಂತಳು, ಆಯಿಯೂ ಮೇಲೆ ಬಾ ಎನ್ನಲಿಲ್ಲ. ಆದರೆ ಅವಳು ನಿಂತಿರುವಷ್ಟು ಹೊತ್ತು ಆಯಿಯೂ ಕೂರುತ್ತಿರಲಿಲ್ಲ. ಕಟ್ಟೆಯ ಅಂಚಿಗೆ ಬಂದು ತಾನೂ ನಿಂತೇ ಇರುತ್ತಿದ್ದಳು.

ಶಿವರಾತ್ರಿ ಹತ್ತಿರ ಬಂದಾಗ ಅವ್ವ ಮನೆಗೆ ಬಂದಳು. ಕೆನ್ನೆಗಳು ಒಳಗೆ ಹೋಗಿದ್ದವು, ಬಳೆಗಳು ಮೊಣಕೈವರೆಗೂ ಜಾರುತ್ತಿದ್ದವು. ಹೊಸ್ತಿಲಲ್ಲೇ "ಕೂಸು ಎಲ್ಲಿ?" ಎಂದಳು. ನೀಲತ್ತಿ ಧೋತರ ಬಿಚ್ಚಿ ಕೂಸನ್ನು ಅವ್ವನ ಮಡಿಲಿಗೆ ಹಾಕಿದಳು, ಕೊರಳಿನ ಎರಡನೆಯ ಲಿಂಗವನ್ನೂ ಬಿಚ್ಚಿ ಅವ್ವನ ಕೈಗೆ ಕೊಟ್ಟಳು. ಕೂಸು ಅವ್ವನ ಮಡಿಲಲ್ಲಿ ಒದ್ದಾಡಿತು, ಅತ್ತಿತು, ಉಸಿರು ಕಟ್ಟುವ ಹಾಗೆ ಅತ್ತಿತು. ನೀಲತ್ತಿ ಎತ್ತಿಕೊಂಡ ಕೂಡಲೆ ಸುಮ್ಮನಾಯಿತು. ಅವ್ವ ಮುಖ ಆಚೆ ತಿರುಗಿಸಿದಳು. ಅಂದಿನಿಂದ ಕೆಲವು ದಿನ ಅವ್ವ ನೀಲತ್ತಿಯ ಜೊತೆ ಮಾತಾಡಲಿಲ್ಲ. ನೀಲತ್ತಿ ಮತ್ತೆ ಅಡುಗೆಮನೆ ಸೇರಿಕೊಂಡಳು, ಕೂಸು ಅತ್ತಾಗೆಲ್ಲ ರೊಟ್ಟಿಯನ್ನು ಜೋರಾಗಿ ಬಡಿಯುತ್ತಿದ್ದಳು. ಅಳು ನಿಲ್ಲದಿದ್ದರೆ ಹಿಟ್ಟಿನ ಕೈಯನ್ನು ಎದೆಯ ಮೇಲೆ ಒತ್ತಿ ಹಿಡಿದುಕೊಂಡು ನಿಲ್ಲುತ್ತಿದ್ದಳು. ಅವಳ ಕುಪ್ಪಸದ ಮೇಲೆ ಹಿಟ್ಟಿನ ಬೆರಳಚ್ಚುಗಳು ಮೂಡಿರುತ್ತಿದ್ದವು.

ಒಂದು ಮಧ್ಯಾಹ್ನ ಅವ್ವ ಕೋಣೆಯಿಂದ ಕೂಗಿದಳು. "ನೀಲಾ, ಬಾ ಇಲ್ಲೆ."

ಅತ್ತಿಗೆ ಕರೆದಳೆಂದು ನೀಲತ್ತಿ ಬಂದು ಬಾಗಿಲಲ್ಲಿ ನಿಂತಳು. "ಏನ್ರೀ ವೈನಿ?"

"ಹೊರಸಿನ ಮ್ಯಾಲ ಬಾ."

"ಬಾಣಂತಿ ಹೊರಸಿನ ಮ್ಯಾಲ ನಾ ಹೆಂಗ ಬರ್ಲ್ರಿ?"

"ಬಾ ಅಂದ್ರ ಬಾ. ಅದಕ್ಕ ನಿನ್ನ ಮೈ ಗುರ್ತ ಐತಿ, ನನ್ನ ಮೈ ಗುರ್ತ ಇಲ್ಲ. ನನಗ ಸಿಟ್ಟು ಬಂದಿತ್ತು, ನಿನ್ನ ಮ್ಯಾಲ ಅಲ್ಲ. ನಡುವ ಹಾಕ್ಕೊಂಡು ಮಲಗೂಣು. ನಿನ್ನ ಬಿಸಿಯಿಂದ ನನ್ನ ಬಿಸಿಗೆ ತಾನs ಬರ್ತೈತಿ."

ಸ್ವಲ್ಪ ಹೊತ್ತಿಗೆ ನಾನು ಒಳಗೆ ಇಣುಕಿದಾಗ ಮೂವರೂ ನಿದ್ದೆ ಹೋಗಿದ್ದರು. ಕೂಸಿನ ಮುಖ ಅವ್ವನ ಎದೆಯಲ್ಲಿತ್ತು, ಬೆನ್ನು ನೀಲತ್ತಿಯ ಎದೆಗೆ. ಅವ್ವನ ಸೋತ ಕೈ ಕೂಸನ್ನು ದಾಟಿ ಹೋಗಿ ನೀಲತ್ತಿಯ ಸೊಂಟದ ಮೇಲಿತ್ತು.

ತೊಟ್ಟಿಲಿಗೆ ಹಾಕುವ ದಿನ ಪಡಸಾಲೆ ತುಂಬ ಹೆಂಗಸರು. ನಮ್ಮಲ್ಲಿ ಕೂಸಿನ ಕಿವಿಯಲ್ಲಿ ಹೆಸರು ಹೇಳುವುದು ಸೋದರತ್ತಿಯ ಹಕ್ಕು. ಅವಳು ಬಾಗಿ ಕಿವಿಯಲ್ಲಿ "ಕುರ್ರ್" ಎಂದು ಹೆಸರು ಹೇಳುವಾಗ ಸುತ್ತಲಿನ ಹೆಂಗಸರೆಲ್ಲ ನಗುತ್ತ ಅವಳ ಬೆನ್ನಿಗೆ ಗುದ್ದಬೇಕು. ನನ್ನ ತೊಟ್ಟಿಲ ಕಾರ್ಯದಲ್ಲಿ ದೂರದ ಸಂಬಂಧದ ಯಾರನ್ನೋ ಕರೆಸಿ ಆ ಶಾಸ್ತ್ರ ಮಾಡಿಸಿದ್ದರಂತೆ. ಅಂದೂ ಒಬ್ಬಳು ರೇಶಿಮೆ ಸೀರೆಯುಟ್ಟು ಮುಂದೆ ಬಂದು ಕೂತಿದ್ದಳು. ಆಯಿ ಅಡುಗೆಮನೆಯ ಕಡೆ ತಿರುಗಿ, ಎಲ್ಲರಿಗೂ ಕೇಳುವ ಹಾಗೆ, "ನೀಲಾ, ಹೊರಗ ಬಾ. ನಿನ್ನ ಸೊಸಿಗೆ ಹೆಸರಿಡು," ಎಂದಳು.  ಯಾರೋ ಗೊಣಗಿದರು. ಆಯಿ ಆ ಕಡೆ ನೋಡಲೂ ಇಲ್ಲ. "ಆಕಿ ಮೈಮ್ಯಾಲs ಬದುಕಿದ ಕೂಸು ಇದು. ಬ್ಯಾರೆ ಯಾರು ಹೆಸರಿಡತೀರಿ?"

ನೀಲತ್ತಿ ಸೆರಗಿಗೆ ಕೈ ಒರೆಸಿಕೊಳ್ಳುತ್ತ ಬಂದಳು. ತೊಟ್ಟಿಲ ಮೇಲೆ ಬಾಗಿ, "ಕುರ್ರ್... ಗಿರಿಜಾ" ಎಂದಳು. ಯಾರ ಕೈಯೂ ಏಳಲಿಲ್ಲ. ಆಗ ಅವ್ವ ಎದ್ದು ಬಂದು, ತನಗಿದ್ದಷ್ಟು ಶಕ್ತಿಯಿಂದ ನೀಲತ್ತಿಯ ಬೆನ್ನಿಗೆ ಒಂದು ಗುದ್ದಿದಳು. ಆಮೇಲೆ ಆಯಿ. ಆಮೇಲೆ ಒಬ್ಬೊಬ್ಬರೇ, ಎಲ್ಲರೂ. ಬಳೆಗಳ ಸಪ್ಪಳ, ನಗು, ಗದ್ದಲ. ನಾನೂ ಸಂದಿಯಲ್ಲಿ ತೂರಿ ಗುದ್ದಿದೆ. ಗುದ್ದುವುದು ಮುಗಿದರೂ ನೀಲತ್ತಿ ಮೇಲೇಳಲಿಲ್ಲ. ತೊಟ್ಟಿಲ ಅಂಚು ಹಿಡಿದು ಹಾಗೇ ಬಾಗಿದ್ದಳು. ನೋವಾಯಿತೇನೋ ಎಂದು ಅವ್ವ ಹೆದರಿ, "ನೀಲಾ, ಹತ್ತಿತೇನು?" ಎಂದಳು. ನೀಲತ್ತಿ ತಲೆ ಎತ್ತದೆ, "ಇಲ್ರೀ ವೈನಿ," ಎಂದಳು. "ಇನ್ನೊಂದೀಟು ಗುದ್ದರ್ರಿ."

ಗಿರಿಜಾ ಬೆಳೆದಳು. ಯಾರ ಬಳಿ ಕೂತರೂ ಒರಗಿಯೇ ಕೂರುವ ಹುಡುಗಿ. ಬಸ್ಸಿನಲ್ಲಿ ಗುರುತಿಲ್ಲದ ಮುದುಕಿಯ ಹೆಗಲ ಮೇಲೂ ನಿದ್ದೆ ಹೋಗುತ್ತಿದ್ದಳು. ಈಗ ಅವಳು ಅಣ್ಣಿಗೇರಿಯಲ್ಲಿ ಸಂಸಾರಸ್ಥೆ, ಈಗಲೂ ಹಾಗೆಯೇ. ಆಯಿ ಹೋದಳು, ದ್ಯಾಮವ್ವ ಹೋದಳು, ಅಪ್ಪನೂ ಅವ್ವನೂ ಒಬ್ಬರ ಹಿಂದೊಬ್ಬರು ಹೋದರು. ಮಾಳಿಗೆ ಒಂದು ಮಳೆಗಾಲ ಕುಸಿಯಿತು. ಅಲ್ಲೀಗ ಮೊದಲೇ ಬೇರೆ ಮನೆ ಮಾಡಿದ್ದ ಅಪ್ಪನ ತಮ್ಮ, ನನ್ನ ಕಾಕಾನ ಮಕ್ಕಳು ಸಿಮೆಂಟಿನ ಮನೆ ಕಟ್ಟಿದ್ದಾರೆ, ಎಲ್ಲ ಕೋಣೆಗಳಿಗೂ ದೊಡ್ಡ ದೊಡ್ಡ ಕಿಟಕಿಗಳಿವೆ. ನೀಲತ್ತಿ ಕೊನೆಯವಳಾಗಿ ಹೋದಳು. ಸುದ್ದಿ ಬಂದ ದಿನ ಬೆಣ್ಣಿಹಳ್ಳ ತುಂಬಿ ಹರಿಯುತ್ತಿತ್ತು, ಬಸ್ಸು ಈಚೆ ದಂಡೆಯಲ್ಲೇ ನಿಂತುಬಿಟ್ಟಿತು. ನೀರು ಇಳಿದು ನಾನು ಊರು ಮುಟ್ಟುವ ಹೊತ್ತಿಗೆ ಮಣ್ಣು ಕೊಟ್ಟಾಗಿತ್ತು. ಗಿರಿಜಾ ಊರಬಾಗಿಲ ಅಗಸಿಯಲ್ಲೇ ಕಾಯುತ್ತಿದ್ದಳು, ಬಂದು ನನಗೆ ಒರಗಿದಳು.

ನೀಲತ್ತಿಯನ್ನು ನಾನು ಕೊನೆಯ ಸಲ ನೋಡಿದ್ದು ಅದಕ್ಕೆ ಕೆಲವು ತಿಂಗಳು ಮೊದಲು, ಊರ ಬಸ್ಸಿನ ನಿಲ್ದಾಣದಲ್ಲಿ. ಬಿಸಿಲಿತ್ತು. ಬರಬೇಡವೆಂದರೂ ಕೋಲೂರಿಕೊಂಡು ಕಳಿಸಲು ಬಂದಿದ್ದಳು. ನಮ್ಮ ಕಡೆ ಹೋಗುವಾಗ ಬರುವಾಗ ತಬ್ಬಿಕೊಳ್ಳುವ ರೂಢಿಯಿಲ್ಲ, ನಾನು ಬಾಗಿ ಕಾಲು ಮುಟ್ಟಿದೆ. ಎದ್ದಾಗ ಅವಳು ನನ್ನ ಹೆಗಲ ಮೇಲೆ ಕೈಯಾಡಿಸಿ ಝಾಡಿಸತೊಡಗಿದಳು. "ಎಷ್ಟು ಧೂಳ ಹತ್ತೇತಿ ನೋಡು," ಎಂದಳು. ಹೆಗಲು, ತೋಳು, ಬೆನ್ನು, ಮತ್ತೆ ಹೆಗಲು. ಬಸ್ಸು ಬಂತು, ಕಂಡಕ್ಟರ್ ಸೀಟಿ ಊದಿದ, ಅವಳು ಝಾಡಿಸುತ್ತಲೇ ಇದ್ದಳು. ಕಿಟಕಿಯ ಬಳಿ ಸೀಟು ಸಿಕ್ಕಿತು. ಅವಳು ಕೈ ಎತ್ತಿದ್ದು ಕಂಡಿತು, ಊರು ಹಿಂದೆ ಸರಿಯಿತು. ಬಸ್ಸು ನವಲಗುಂದ ದಾಟುವಾಗ ನಾನು ನನ್ನ ಸೀರೆಯನ್ನು ನೋಡಿಕೊಂಡೆ. ಮುಂಜಾನೆಯಷ್ಟೇ ಇಸ್ತ್ರಿ ಮುರಿದು ಉಟ್ಟದ್ದು. ಧೂಳು ಎಲ್ಲೂ ಇರಲಿಲ್ಲ.